ಐ ಆ್ಯಮ್ 20: ಸರ್ಕಾರಿ ಚಿತ್ರದಲ್ಲಿ ಯುವಜನರ ಅಸಮಾಧಾನ

ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್ 1967ರಲ್ಲಿ ನಿರ್ಮಿಸಿದ ಕಪ್ಪು-ಬಿಳುಪಿನ ಕಿರು ಸಾಕ್ಷ್ಯಚಿತ್ರ 'ಐ ಆ್ಯಮ್ 20'. ನಿರ್ದೇಶನ ಎಸ್.ಎನ್.ಎಸ್. ಶಾಸ್ತ್ರಿ ಅವರದು.

1947ರ ಆಗಸ್ಟ್ 15ರಂದು ಜನಿಸಿದ ಯುವಜನರನ್ನು ದೇಶದ ನಾನಾ ಕಡೆ ಭೇಟಿ ಮಾಡಿ ಮಾತನಾಡಿಸಿರುವುದೇ ಇದರ ವಸ್ತು. ಒಬ್ಬನಿಗೆ ಕ್ಯಾಮೆರಾ, ಟೇಪ್‌ರೆಕಾರ್ಡರ್ ಹಿಡಿದು ಭಾರತ ಸುತ್ತುವ ಹಂಬಲ. ಮತ್ತೊಬ್ಬ, ತನಗೆ ದೇಶದ ಮೇಲೆ ಪ್ರೀತಿಯಿಲ್ಲ, ಇದ್ದರೂ ಅದನ್ನು ಯಾರ ಬಳಿ ಹೇಳಿಕೊಳ್ಳಲಿ ಎನ್ನುತ್ತಾನೆ. ಸರ್ಕಾರದ ಹಣದಲ್ಲಿ ತಯಾರಾದ ಚಿತ್ರದಲ್ಲಿ ಈ ಮಾತು ಕತ್ತರಿಗೆ ಸಿಗದೆ ಉಳಿದದ್ದೇ ವಿಶೇಷ. ಜೀನ್ ಭಾವನಗರಿ ಡಿವಿಷನ್‌ನ ಸಲಹೆಗಾರರಾಗಿದ್ದ ಆ ವರ್ಷಗಳಲ್ಲಿ ನಿರ್ದೇಶಕರಿಗೆ ಇಂಥ ಸ್ವಾತಂತ್ರ್ಯ ದೊರೆತಿತ್ತು.

ಅಂದು ಮುಖ್ಯ ಚಿತ್ರಕ್ಕೆ ಮುನ್ನ ಡಿವಿಷನ್‌ನ ಸುದ್ದಿಚಿತ್ರ ಅಥವಾ ಸಾಕ್ಷ್ಯಚಿತ್ರವನ್ನು ಪ್ರದರ್ಶಿಸುವುದು ಚಿತ್ರಮಂದಿರಗಳ ಪರವಾನಗಿಯ ಷರತ್ತಾಗಿತ್ತು. ಆಗ ಮೈಸೂರು ರಾಜ್ಯದ ಚಿತ್ರದುರ್ಗ ಜಿಲ್ಲೆಗೆ ಸೇರಿದ್ದ, ಹತ್ತಿ ಗಿರಣಿಗಳ ದಾವಣಗೆರೆ ಮತ್ತು ಕಿರ್ಲೋಸ್ಕರ್ ಕಾರ್ಖಾನೆಯ ಹರಿಹರದ ಟಾಕೀಸುಗಳೂ ಇದಕ್ಕೆ ಹೊರತಾಗಿರಲಿಲ್ಲ. ಈ ಚಿತ್ರಗಳು ಕನ್ನಡ ವಿವರಣೆಯೊಂದಿಗೂ ಸಿದ್ಧವಾಗುತ್ತಿದ್ದವು. ನೆರೆ, ಬರ, ಅಣೆಕಟ್ಟೆಗಳ ಚಿತ್ರ ಮುಗಿದ ಮೇಲೆಯೇ ಒಳಗೆ ಕಾಲಿಡುವ ಪ್ರೇಕ್ಷಕರೂ ಇರುತ್ತಿದ್ದರೆನ್ನಿ!

1999ರಲ್ಲಿ ಸುಪ್ರೀಂ ಕೋರ್ಟ್ ಈ ಕಡ್ಡಾಯ ಪ್ರದರ್ಶನದ ನಿಯಮವನ್ನು ಎತ್ತಿಹಿಡಿಯಿತು. 2022ರಲ್ಲಿ ಫಿಲ್ಮ್ಸ್ ಡಿವಿಷನ್ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನಗೊಂಡಿತು.