ಗೋಷಾ ಸ್ಟುಡಿಯೊ, ಚೌಕಳಿ ಪರದೆ

1892ರಲ್ಲಿ ಹೈದರಾಬಾದಿನಲ್ಲಿ ಹೆಂಗಸರಿಗೆಂದೇ ಒಂದು ಫೋಟೊ ಸ್ಟುಡಿಯೊ ಶುರುವಾಯಿತು. ಮಾಲೀಕರು ನಿಜಾಮರ ಆಸ್ಥಾನದ ಛಾಯಾಗ್ರಾಹಕ ಲಾಲಾ ದೀನ್ ದಯಾಳ್. ಆದರೆ ಅದನ್ನು ನಡೆಸುತ್ತಿದ್ದವರು ಕೆನ್ನಿ-ಲೆವಿಕ್ ಎಂಬ ಇಂಗ್ಲಿಷ್ ಮಹಿಳೆ. ಗೋಷಾ ಪಾಲಿಸುವ ಮನೆತನದ ಹೆಂಗಸರು ಪರಪುರುಷರ ಕಣ್ಣಿಗೆ ಬೀಳದೆ ಅಲ್ಲಿಗೆ ಬಂದು ಚಿತ್ರ ತೆಗೆಸಿಕೊಳ್ಳಬಹುದಿತ್ತು. (ಬೆಂಗಳೂರಿನ ಗೋಷಾ ಆಸ್ಪತ್ರೆಯ ಹೆಸರಿನಲ್ಲಿರುವುದೂ ಇದೇ ಪದ, ಅದು ಯಾರೋ ದಾನಿಯ ಹೆಸರಲ್ಲ.)

ಅದೇ ದಶಕದಲ್ಲಿ ಅಂಡಮಾನಿನಲ್ಲಿ ಇನ್ನೊಂದು ಕ್ಯಾಮೆರಾ ಕೆಲಸ ಮಾಡುತ್ತಿತ್ತು. ಬ್ರಿಟಿಷ್ ಅಧಿಕಾರಿ ಮಾರಿಸ್ ವಿಡಾಲ್ ಪೋರ್ಟ್‌ಮನ್ ಅಲ್ಲಿನ ಮೂಲನಿವಾಸಿಗಳನ್ನು ಎರಡೆರಡು ಇಂಚಿನ ಚೌಕಗಳ ಪರದೆಯ ಮುಂದೆ ಬೆತ್ತಲೆ ನಿಲ್ಲಿಸಿ ಫೋಟೊ ತೆಗೆಯುತ್ತಿದ್ದ. ಚೌಕ ಎಣಿಸಿದರೆ ಮೈಯಳತೆ ಸಿಗಬೇಕು, ಅಷ್ಟೇ.

ನೂರು ವರ್ಷ ಕಳೆದ ಮೇಲೆ ಅಂಥದೇ ಪರದೆಯ ಮುಂದೆ ಬೆಂಗಳೂರಿನ ಕಲಾವಿದೆಯೊಬ್ಬರು ತಾವಾಗಿಯೇ ಹೋಗಿ ನಿಂತರು. 1956ರಲ್ಲಿ ಹುಟ್ಟಿದ ಎನ್. ಪುಷ್ಪಮಾಲಾ ಬರೋಡದಲ್ಲಿ ಶಿಲ್ಪಕಲೆ ಓದಿದವರು. ತೊಂಬತ್ತರ ದಶಕದ ನಡುವಿನಲ್ಲಿ ಅವರು ತಮ್ಮ ಮೈಯನ್ನೇ ಮಾಧ್ಯಮ ಮಾಡಿಕೊಂಡು ಕ್ಯಾಮೆರಾದ ಮುಂದೆ ಬಂದರು. ವಿಡಿಯೊಗಳನ್ನೂ ಮಾಡಿದ್ದಾರೆ, 2004ರ ಒಂದು ಕಿರುಚಿತ್ರಕ್ಕೆ ತಾಯಿ ಮತ್ತು ಅತ್ತೆಯವರ ಅಡುಗೆ ಪುಸ್ತಕಗಳೇ ಆಧಾರ.

2000ದಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಮಾಡಿದ 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ' ಸರಣಿಯಲ್ಲಿ ಪುಷ್ಪಮಾಲಾ ರವಿವರ್ಮನ ಲಕ್ಷ್ಮಿಯಾಗುತ್ತಾರೆ, ದಖ್ಖನಿ ಕಿರುಚಿತ್ರದ ಯೋಗಿನಿಯಾಗುತ್ತಾರೆ, ಜಯಲಲಿತಾ ಆಗುತ್ತಾರೆ. ಪರದೆ, ಒಡವೆ, ಬೆಳಕು ಎಲ್ಲವೂ ಮೂಲಕ್ಕೆ ಹತ್ತಿರ. ಮುಖ ಮಾತ್ರ ಪ್ರತಿ ಸಲವೂ ಅದೇ, ನಲವತ್ತು ದಾಟಿದ ಹೆಣ್ಣಿನದು. ನಗು ಬರುವುದು ಅಲ್ಲೇ.

ತೋಡ ಹೆಂಗಸಾಗಿ ಚೌಕಳಿಯ ಮುಂದಿರುವ ಚಿತ್ರದಲ್ಲಿ ಆ ನಗು ಬರುವುದಿಲ್ಲ. ದೊಡ್ಡ ಕಲಾಶಾಲೆಯಲ್ಲಿ ಓದಿದ ನಗರದ ಕಲಾವಿದೆ ನೀಲಗಿರಿಯ ಬುಡಕಟ್ಟಿನ ಹೆಣ್ಣಿನ ಅಸಹಾಯಕತೆಯನ್ನು ವೇಷದ ಹಾಗೆ ತೊಡಬಹುದೇ? ಈ ತಕರಾರನ್ನು ತಳ್ಳಿಹಾಕುವಂತಿಲ್ಲ. ಶೂಟಿಂಗ್ ಮುಗಿದ ಮೇಲೆ ಪುಷ್ಪಮಾಲಾ ಬಣ್ಣ ತೊಳೆದು ಮನೆಗೆ ಹೋಗಬಹುದಿತ್ತು. ಪೋರ್ಟ್‌ಮನ್ನನ ಎದುರು ನಿಂತವರಿಗೆ ತೊಳೆದುಕೊಳ್ಳಲು ಬಣ್ಣವೇ ಇರಲಿಲ್ಲ. ಆದರೆ ಕೃತಿ ಈ ಅಂತರವನ್ನು ಮುಚ್ಚಿಡುವುದಿಲ್ಲ ಎಂಬುದನ್ನೂ ಹೇಳಬೇಕು. ಚಿತ್ರಗಳನ್ನು ಹೇಗೆ ಕಟ್ಟಲಾಯಿತು ಎಂದು ತೋರಿಸುವ ಫೋಟೊಗಳೂ ಸರಣಿಯ ಭಾಗವೇ. ಅನುಭವವನ್ನು ಹಂಚಿಕೊಂಡೆ ಎಂಬ ಸೋಗು ಅಲ್ಲಿಲ್ಲ. ಅಳೆಯುವ ಕಣ್ಣು ಹೇಗೆ ಕೆಲಸ ಮಾಡುತ್ತದೆ ಎಂಬ ಪರೀಕ್ಷೆ ಇದೆ.

ಇನ್ನೊಂದು ಮಾತಿದೆ. ಸರಣಿಗೆ ಮಾದರಿಯಾದವು ಬಹುಪಾಲು ಹತ್ತು ಜನರ ಕೈ ದಾಟಿದ ಚಿತ್ರಗಳು: ಕ್ಯಾಲೆಂಡರು, ಸಿನಿಮಾ, ಪತ್ರಿಕೆ, ಮಾನವಶಾಸ್ತ್ರದ ಕಡತ. ಹೈದರಾಬಾದಿನ ಆ ಸ್ಟುಡಿಯೊದಲ್ಲಿ ಕೂತವರ ಚಿತ್ರಗಳು ಮನೆಯವರ ಕಣ್ಣಿಗಾಗಿ ತೆಗೆದವು. ಪೋರ್ಟ್‌ಮನ್ ತೆಗೆದವು ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿಗೆ ಹೋದವು, ಇವತ್ತಿಗೂ ಅಲ್ಲಿವೆ.