ಗುರುಗಳಿಲ್ಲದ ಏಳು ತಲೆಮಾರು

ಪ್ರತಿ ವರುಷ ಡಿಸೆಂಬರ್ 3ರಂದು ನಾವು ಸಂತ ಫ್ರಾನ್ಸಿಸ್ ಕ್ಸೇವಿಯರರ ಹಬ್ಬವನ್ನು ಆಚರಿಸುತ್ತೇವೆ. ಅಂದಿನ ಪ್ರಬೋಧನೆಯಲ್ಲಿ ನಾವು ಗುರುಗಳು ಹೇಳುವುದು ಬಹುಪಾಲು ಒಂದೇ ಕಥೆ. ಗೋವೆಗೆ ಬಂದಿಳಿದದ್ದು, ಬೀದಿಯಲ್ಲಿ ಗಂಟೆ ಬಾರಿಸುತ್ತಾ ಮಕ್ಕಳನ್ನು ಉಪದೇಶಕ್ಕೆ ಕರೆದದ್ದು, ಮುತ್ತಿನ ಕರಾವಳಿಯಲ್ಲಿ ದೀಕ್ಷಾಸ್ನಾನ ಕೊಟ್ಟು ಕೊಟ್ಟು ತೋಳು ಸೋತದ್ದು, ಕೊನೆಗೆ 1552ರಲ್ಲಿ ಚೀನಾದ ಹೊಸ್ತಿಲಲ್ಲಿ, ಶಾಂಗ್‌ಚುವಾನ್ ದ್ವೀಪದಲ್ಲಿ ಪ್ರಾಣ ಬಿಟ್ಟದ್ದು. ನಡುವೆ ಜಪಾನಿನಲ್ಲಿ ಅವರು ಕಳೆದ ಎರಡು ವರುಷಗಳು ಒಂದೇ ವಾಕ್ಯದಲ್ಲಿ ದಾಟಿಹೋಗುತ್ತವೆ. ನಾವು ಸೆಮಿನರಿಯಲ್ಲಿ ಧರ್ಮಸಭೆಯ ಚರಿತ್ರೆ ಓದುವಾಗಲೂ ಹಾಗೆಯೇ ಆಗಿತ್ತು. ಆ ಎರಡು ವರುಷಗಳ ಬಿತ್ತನೆ ಮುಂದೆ ಏನಾಯಿತೆಂಬುದನ್ನು ಈ ಹಬ್ಬದ ಹೊತ್ತಿನಲ್ಲಿ ನೆನೆಯೋಣ.

ಸಂತರು ಕಾಗೊಶಿಮ ಬಂದರಿನಲ್ಲಿ ಇಳಿದದ್ದು 1549ರ ಆಗಸ್ಟ್ 15ರಂದು, ಮಾತೆ ಮರಿಯಮ್ಮನವರ ಸ್ವರ್ಗಸ್ವೀಕಾರದ ಹಬ್ಬದ ದಿನ. ಜೊತೆಯಲ್ಲಿ ಕೊಸ್ಮೆ ದೆ ತೊರೆಸ್ ಎಂಬ ಗುರುಗಳು, ಸಹೋದರ ಹುವಾನ್ ಫೆರ್ನಾಂದೆಸ್, ಹಾಗೂ ಗೋವೆಯಲ್ಲಿ ದೀಕ್ಷಾಸ್ನಾನ ಪಡೆದಿದ್ದ ಜಪಾನಿನ ಅಂಜಿರೊ ಇದ್ದರು. ಸಂತರು 1551ರ ಕೊನೆಯಲ್ಲಿ ಹೊರಟುಹೋದರು. ತೊರೆಸರು ಅಲ್ಲೇ ಉಳಿದು ದುಡಿದರು. ಭಕ್ತರು ಹೆಚ್ಚಿದಂತೆ ಗುರುಗಳ ಕೊರತೆ ಎದ್ದು ಕಂಡಿತು. ಒಂದು ಊರಿಗೆ ಗುರುಗಳು ವರುಷಕ್ಕೆ ಒಮ್ಮೆಯೋ ಎರಡು ಸಲವೋ ಬಂದರೆ ಅದೇ ಹೆಚ್ಚು. ಹೀಗಾಗಿ ಮೊದಲಿನಿಂದಲೇ ಶ್ರೀಸಾಮಾನ್ಯರ ಕೂಟಗಳು ಬೆಳೆದವು. ಇವಕ್ಕೆ ಜಪಾನಿ ಭಾಷೆಯಲ್ಲಿ 'ಕುಮಿ' ಎಂದು ಹೆಸರು. ಭಾನುವಾರ ಒಂದು ಮನೆಯಲ್ಲಿ ಸೇರಿ ಪ್ರಾರ್ಥಿಸುವುದು, ರೋಗಿಗಳನ್ನು ನೋಡಿಕೊಳ್ಳುವುದು, ಸತ್ತವರನ್ನು ಮಣ್ಣು ಮಾಡುವುದು, ಸಾಯುವ ಸ್ಥಿತಿಯಲ್ಲಿರುವ ಕೂಸಿಗೆ ದೀಕ್ಷಾಸ್ನಾನ ಕೊಡುವುದು, ಇವೆಲ್ಲ ಕೂಟದವರ ಕೆಲಸ. ಅಂದಿಗೆ ಅದು ಕೊರತೆಯನ್ನು ತುಂಬುವ ಉಪಾಯವಷ್ಟೇ. ಮುಂದೆ ಅದೇ ಧರ್ಮಸಭೆಯ ಬೆನ್ನೆಲುಬಾಗುವುದೆಂದು ಯಾರಿಗೆ ಗೊತ್ತಿತ್ತು?

1587ರಲ್ಲಿ ಹಿದೆಯೋಶಿಯ ಆಡಳಿತ ಮಿಷನರಿಗಳಿಗೆ ದೇಶ ಬಿಡಲು ಆಜ್ಞೆ ಮಾಡಿತು. 1597ರ ಫೆಬ್ರವರಿ 5ರಂದು ನಾಗಸಾಕಿಯ ನಿಶಿಜಾಕ ಗುಡ್ಡದ ಮೇಲೆ 26 ಮಂದಿಯನ್ನು ಶಿಲುಬೆಗೇರಿಸಿದರು. ಆ ರಕ್ತಸಾಕ್ಷಿಗಳಲ್ಲಿ ಒಬ್ಬರು ನಮ್ಮ ದೇಶದ ವಸಾಯಿಯಲ್ಲಿ ಹುಟ್ಟಿದ ಸಂತ ಗೊನ್ಸಾಲೊ ಗಾರ್ಸಿಯಾ. ಅವರನ್ನು ನಾವು ಮರೆತದ್ದೇ ಹೆಚ್ಚು. 1614ರಲ್ಲಿ ತೊಕುಗಾವ ಆಡಳಿತ ಇಡೀ ದೇಶದಲ್ಲಿ ಕ್ರೈಸ್ತ ಧರ್ಮವನ್ನೇ ನಿಷೇಧಿಸಿತು. ಆಗ ಅಲ್ಲಿ ಅಂದಾಜು 3 ಲಕ್ಷ ಕ್ರೈಸ್ತರಿದ್ದರು. ಅಡಗಿಕೊಂಡು ಸೇವೆ ಮಾಡುತ್ತಿದ್ದ ಗುರುಗಳಲ್ಲಿ ಕೊನೆಯವರಾದ ಮಾನ್ಸಿಯೊ ಕೊನಿಶಿ 1644ರಲ್ಲಿ ರಕ್ತಸಾಕ್ಷಿಯಾದರು. ಅಲ್ಲಿಂದ ಮುಂದಕ್ಕೆ ಇನ್ನೂರು ವರುಷಕ್ಕೂ ಮಿಕ್ಕಿ ಅಲ್ಲಿನ ಭಕ್ತರಿಗೆ ಬಲಿಪೂಜೆ ಇಲ್ಲ, ಪಾಪನಿವೇದನೆ ಇಲ್ಲ, ಪರಮಪ್ರಸಾದ ಇಲ್ಲ.

ಪ್ರೇಷಿತರ ಕಾರ್ಯಕಲಾಪಗಳ ಎರಡನೆಯ ಅಧ್ಯಾಯದಲ್ಲಿ ಆದಿ ಕ್ರೈಸ್ತರ ಬಾಳು ನಾಲ್ಕು ಕಂಬಗಳ ಮೇಲೆ ನಿಂತಿತ್ತೆಂದು ಓದುತ್ತೇವೆ: ಪ್ರೇಷಿತರ ಬೋಧನೆ, ಅನ್ಯೋನ್ಯತೆ, ರೊಟ್ಟಿ ಮುರಿಯುವುದು, ಪ್ರಾರ್ಥನೆ. ರೊಟ್ಟಿ ಮುರಿಯುವ ಕಂಬವನ್ನೇ ಕಿತ್ತರೆ ಮನೆ ನಿಂತೀತೇ? ನಿಲ್ಲದು ಎಂದೇ ನಮ್ಮ ದೈವಶಾಸ್ತ್ರ ಹೇಳುತ್ತದೆ. ಆದರೆ ನಾಗಸಾಕಿಯ ಸುತ್ತಿನ ಹಳ್ಳಿಗಳಲ್ಲಿ ಆ ಮನೆ ವಾಲಿಕೊಂಡೇ ಆದರೂ ಬೀಳದೆ ನಿಂತಿತು.

ಹೇಗೆ ನಿಂತಿತು ಎಂಬುದನ್ನು ಸ್ವಲ್ಪ ವಿವರವಾಗಿ ನೋಡಬೇಕು. ಉರಕಾಮಿ, ಸೊತೊಮೆ, ಗೊತೊ ದ್ವೀಪಗಳ ಹಳ್ಳಿಗಳಲ್ಲಿ ಹಳೆಯ ಕೂಟಗಳು ಗುಟ್ಟಾಗಿ ಮುಂದುವರಿದವು. ಅಲ್ಲಿ ಮೂರು ಬಗೆಯ ಹೊಣೆಗಾರರಿದ್ದರು. ಮೊದಲನೆಯವರು ಪಂಚಾಂಗ ನೋಡುವವರು. ದೇಶದಲ್ಲಿ ನಡೆಯುತ್ತಿದ್ದುದು ಚಾಂದ್ರಮಾನ ತಿಂಗಳು; ಧರ್ಮಸಭೆಯ ಹಬ್ಬಗಳದ್ದು ಬೇರೆಯೇ ಲೆಕ್ಕ. ಎಂದು ಭಾನುವಾರ, ಎಂದು ಕ್ರಿಸ್ತಜಯಂತಿ, ತಪಸ್ಸುಕಾಲ ಎಂದಿಗೆ ಆರಂಭ ಎಂದು ಅವರು ಗುಣಿಸಿ ಹೇಳಬೇಕಿತ್ತು. ಎರಡನೆಯವರು ನೀರಿನವರು, ಎಂದರೆ ದೀಕ್ಷಾಸ್ನಾನ ಕೊಡುವವರು. ಮೂರನೆಯವರು ಮನೆಮನೆಗೂ ಸುದ್ದಿ ಮುಟ್ಟಿಸುವವರು. ಪಂಚಾಂಗದವರು ಹೇಳಿದ ದಿನ ಇವರ ಬಾಯಿಂದ ಕೊನೆಯ ಗುಡಿಸಲಿನವರೆಗೂ ತಲುಪುತ್ತಿತ್ತು. ಲತೀನ್, ಪೋರ್ಚುಗೀಸ್ ಪದಗಳು ಬೆರೆತ ಪ್ರಾರ್ಥನೆಗಳನ್ನು ಅಜ್ಜ ಮೊಮ್ಮಗನಿಗೆ ಬಾಯಿಪಾಠ ಮಾಡಿಸುತ್ತಿದ್ದ. ಅರ್ಥ ಮಸುಕಾದರೂ ಅಕ್ಷರ ಬಿಡಲಿಲ್ಲ. ಏಳು ತಲೆಮಾರು ಕಳೆದ ಮೇಲೆ ಪಾಪನಿವೇದನೆ ಕೇಳುವವರು ಹಡಗಿನಲ್ಲಿ ಬರುತ್ತಾರೆಂದು ಬಾಸ್ಟಿಯನ್ ಎಂಬ ಉಪದೇಶಿ ಹೇಳಿಹೋದ ಮಾತೂ ಹಾಗೆಯೇ ಬಾಯಿಂದ ಬಾಯಿಗೆ ಬಂತು.

ಸರ್ಕಾರದ ಕಣ್ಣು ಚುರುಕಾಗಿತ್ತು. ಪ್ರತಿಯೊಬ್ಬರೂ ಬೌದ್ಧ ದೇಗುಲದಲ್ಲಿ ಹೆಸರು ಬರೆಸಬೇಕು. ಐದೈದು ಮನೆಗಳನ್ನು ಒಂದು ಗುಂಪು ಮಾಡಿ, ಒಂದರಲ್ಲಿ ಕ್ರೈಸ್ತರು ಸಿಕ್ಕಿದರೆ ಐದಕ್ಕೂ ಶಿಕ್ಷೆ. ಎಲ್ಲಕ್ಕಿಂತ ಕ್ರೂರವಾದದ್ದು ಚಿತ್ರ ತುಳಿಯುವ ಕಟ್ಟಳೆ. ನಾಗಸಾಕಿ ಕಡೆಯಲ್ಲಿ ಹೊಸವರುಷ ಬಂದಾಗ ಪ್ರತಿಯೊಬ್ಬರೂ ಪ್ರಭುವಿನ ಅಥವಾ ಮಾತೆ ಮರಿಯಮ್ಮನವರ ಉಬ್ಬುಚಿತ್ರದ ಮೇಲೆ ಕಾಲಿಟ್ಟು ನಡೆಯಬೇಕಿತ್ತು. ನಿರಾಕರಿಸಿದವರು ಸತ್ತರು. ಉಳಿದವರು ತುಳಿದರು, ಮನೆಗೆ ಬಂದು ಪಶ್ಚಾತ್ತಾಪದ ಪ್ರಾರ್ಥನೆ ಹೇಳಿ ಅತ್ತರು. ಗುರುಗಳು ಸಿಗದಾಗ ಪರಿಪೂರ್ಣ ಪಶ್ಚಾತ್ತಾಪ ಪಡುವುದು ಹೇಗೆಂದು ತಿಳಿಸುವ ಒಂದು ಕಿರುಹೊತ್ತಿಗೆ 1603ರಲ್ಲೇ ಅಚ್ಚಾಗಿತ್ತು. ಅದನ್ನು ಕೈಬರಹದಲ್ಲಿ ನಕಲು ಮಾಡಿ ಮಾಡಿ ಉಳಿಸಿಕೊಂಡಿದ್ದರು. ತುಳಿದದ್ದು ಸರಿಯೇ ಎಂದು ಕೇಳಿದರೆ ಪುಸ್ತಕದ ಉತ್ತರ ನಮ್ಮಲ್ಲಿದೆ. ಆದರೆ ನಮ್ಮ ದೀಕ್ಷಾಸ್ನಾನದ ಸಲುವಾಗಿ ಯಾರೂ ಪಕ್ಕದ ಮನೆಯ ಮಗುವಿನ ಕತ್ತಿನ ಮೇಲೆ ಕತ್ತಿ ಇಟ್ಟಿಲ್ಲ. ಆ ಉತ್ತರವನ್ನು ಗಟ್ಟಿಯಾಗಿ ಹೇಳಲು ನಮಗೆ ಬಾಯಿ ಬರುವುದಿಲ್ಲ.

ಜಪಾನ್ ವಿದೇಶಿಯರಿಗೆ ಬಂದರುಗಳನ್ನು ತೆರೆದ ಮೇಲೆ, ಪ್ಯಾರಿಸ್ ವಿದೇಶಿ ಮಿಷನ್ ಸಂಸ್ಥೆಯ ಗುರುಗಳು ನಾಗಸಾಕಿಯ ಓಉರದಲ್ಲಿ, ವಿದೇಶಿ ವ್ಯಾಪಾರಿಗಳ ಉಪಯೋಗಕ್ಕೆಂದು ಒಂದು ದೇವಾಲಯ ಕಟ್ಟಿದರು. ಅದನ್ನು ಅದೇ 26 ರಕ್ತಸಾಕ್ಷಿಗಳಿಗೆ ಸಮರ್ಪಿಸಿದ್ದರು. 1865ರ ಮಾರ್ಚ್ 17, ಶುಕ್ರವಾರ, ಸುಮಾರು ಹದಿನೈದು ಮಂದಿ ಹಳ್ಳಿಗರು ಬಾಗಿಲ ಬಳಿ ನಿಂತಿದ್ದರು. ಗುರು ಬರ್ನಾರ್ ಪೆತಿಜಾಂ ಅವರನ್ನು ಒಳಗೆ ಕರೆದು, ಪೀಠದ ಮುಂದೆ ಮೊಣಕಾಲೂರಿದರು. ಆಗ ಒಬ್ಬ ಹೆಂಗಸು ಹತ್ತಿರ ಬಂದು, ಎದೆಯ ಮೇಲೆ ಕೈಯಿಟ್ಟು, ತಮ್ಮೆಲ್ಲರ ಹೃದಯವೂ ಅವರ ಹೃದಯದಂತೆಯೇ ಎಂದು ಪಿಸುಗುಟ್ಟಿದಳು. ಸಾಂತಾ ಮರಿಯಾಳ ಪ್ರತಿಮೆ ಎಲ್ಲಿ ಎಂದು ಕೇಳಿದಳು. ಅವರು ಬಂದದ್ದು ಉರಕಾಮಿಯಿಂದ.

ನಮ್ಮ ಮನಸ್ಸು ನಿಲ್ಲುವುದು ಆ ಸಂಭಾಷಣೆಯ ಇನ್ನೊಂದು ವಿವರದ ಮೇಲೆ. ತಾವೀಗ ದುಃಖದ ಕಾಲದ ಹದಿನೇಳನೆಯ ದಿನದಲ್ಲಿದ್ದೇವೆ ಎಂದು ಆ ಹಳ್ಳಿಗರು ಹೇಳಿದರು. ಆ ವರುಷ ವಿಭೂತಿ ಬುಧವಾರ ಬಿದ್ದದ್ದು ಮಾರ್ಚ್ 1ರಂದು. ಪ್ಯಾರಿಸಿನಿಂದ ಬಂದ ಗುರುಗಳ ಪಂಚಾಂಗಕ್ಕೂ ಉರಕಾಮಿಯ ರೈತರ ಬಾಯಿಲೆಕ್ಕಕ್ಕೂ ಒಂದೇ ಒಂದು ದಿನದ ವ್ಯತ್ಯಾಸವಿರಲಿಲ್ಲ!

ಕಥೆ ಇಲ್ಲಿಗೆ ಮುಗಿದಿದ್ದರೆ ಎಷ್ಟು ಚೆನ್ನಾಗಿತ್ತು. ನಿಷೇಧ ಇನ್ನೂ ಜಾರಿಯಲ್ಲಿತ್ತು. ಇನ್ನು ಮೇಲೆ ಬೌದ್ಧ ವಿಧಿಯಂತೆ ಶವಸಂಸ್ಕಾರ ಮಾಡಿಸುವುದಿಲ್ಲವೆಂದು ಉರಕಾಮಿಯವರು ನಿಂತುಬಿಟ್ಟರು. 1867ರ ಜುಲೈನಲ್ಲಿ ಬಂಧನಗಳಾದವು. ಹಿಂಸೆ ತಾಳದೆ ಸೆರೆಯಾದವರೆಲ್ಲ ಮಣಿದರು, ತಕಾಗಿ ಸೆನೆಮೊನ್ ಒಬ್ಬರು ಬಿಟ್ಟು. ಮಣಿದು ಮನೆಗೆ ಬಂದವರಿಗೆ ಊಟ ಸೇರಲಿಲ್ಲ. ಅವರಾಗಿಯೇ ಊರ ಮುಖ್ಯಸ್ಥನ ಮನೆಗೆ ಹೋಗಿ ತಮ್ಮ ಮಾತನ್ನು ಹಿಂತೆಗೆದುಕೊಂಡರು. ಮುಂದೆ 1868ರಿಂದ 1870ರೊಳಗೆ ಸರ್ಕಾರ ಇಡೀ ಉರಕಾಮಿಯನ್ನೇ, 3,000ಕ್ಕೂ ಹೆಚ್ಚು ಜನರನ್ನು, ದೂರದೂರದ ಸೀಮೆಗಳಿಗೆ ಗಡೀಪಾರು ಮಾಡಿತು. ಸೆನೆಮೊನ್ ಹೋದ ತ್ಸುವಾನೊದಲ್ಲಿ ಮನುಷ್ಯರನ್ನು ಮೂರಡಿ ಚೌಕದ ಪಂಜರದಲ್ಲಿ ಕೂರಿಸುತ್ತಿದ್ದರು. ಮಂಜುಗಟ್ಟಿದ ಕೊಳದಲ್ಲಿ ಮುಳುಗಿಸುತ್ತಿದ್ದರು. 600ಕ್ಕೂ ಹೆಚ್ಚು ಮಂದಿ ಗಡೀಪಾರಿನಲ್ಲೇ ಸತ್ತರು. ಪಾಶ್ಚಾತ್ಯ ದೇಶಗಳ ಆಕ್ಷೇಪಣೆ ಬಲವಾದ ಮೇಲೆ 1873ರಲ್ಲಿ ನಿಷೇಧದ ಫಲಕಗಳು ಇಳಿದವು.

ಇನ್ನೊಂದು ನೋವನ್ನೂ ಮರೆಮಾಚಬಾರದು. ಗುಟ್ಟಾಗಿ ಉಳಿದಿದ್ದ ಕ್ರೈಸ್ತರಲ್ಲಿ ಎಲ್ಲರೂ ಗುರುಗಳ ಬಳಿಗೆ ಬರಲಿಲ್ಲ. ಇಕಿತ್ಸುಕಿ ದ್ವೀಪ ಮೊದಲಾದ ಕಡೆ ಹಲವರು ಪೂರ್ವಿಕರ ಪ್ರಾರ್ಥನೆ, ಪೂರ್ವಿಕರ ಪದ್ಧತಿಯನ್ನೇ ಹಿಡಿದು ಹೊರಗುಳಿದರು. ಇನ್ನೂರು ವರುಷ ತಾವೇ ಕಾಪಾಡಿದ್ದನ್ನು ನಿನ್ನೆ ಬಂದವರ ಕೈಗೆ ಒಪ್ಪಿಸುವುದು ಸುಲಭವೇ? ಉರಕಾಮಿಯವರು ಕಾದದ್ದು ಗುರುಗಳಿಗಾಗಿ. ಕಾಯುವಾಗ ಮಾತ್ರ ಕೈಕಟ್ಟಿ ಕೂರಲಿಲ್ಲ. ಇದನ್ನು ಬರೆಯುವಾಗ ನಮ್ಮ ಧರ್ಮಕೇಂದ್ರದ ಕಿರು ಕ್ರೈಸ್ತ ಸಮುದಾಯದ ಕೂಟಗಳು ನೆನಪಾಗುತ್ತವೆ. ಸ್ವಾಮಿಯವರು ಬರುವುದಿಲ್ಲವಂತೆ ಎಂದರೆ ಕೂಟ ಮುಂದಿನ ವಾರಕ್ಕೆ ಹೋಗುತ್ತದೆ. ಜನರನ್ನು ದೂರುವುದು ನಮಗೆ ರೂಢಿ. ನಾವಿಲ್ಲದೆ ಏನೂ ನಡೆಯಬಾರದೆಂದು ಕಲಿಸಿದವರು ನಾವೇ ಅಲ್ಲವೇ?

ಗಡೀಪಾರಿನಿಂದ ಮರಳಿದವರಿಗೆ ಉರಕಾಮಿಯಲ್ಲಿ ಉಳಿದಿದ್ದು ಪಾಳುಬಿದ್ದ ಹೊಲ, ಮುರುಕು ಗುಡಿಸಲು. ಮರುವರುಷ, 1874ರಲ್ಲಿ, ಆಮಶಂಕೆಯ ಪಿಡುಗು ಬಂತು. ಫ್ರೆಂಚ್ ಗುರು ಮಾರ್ಕ್ ದ ರೋ ಔಷಧ ಹಿಡಿದು ದಿನವೂ ಹಳ್ಳಿಗೆ ಬರುತ್ತಿದ್ದರು. ಅವರೊಂದಿಗೆ ರೋಗಿಗಳ ಆರೈಕೆಗೆ ನಿಂತವರು ಇವಾನಾಗ ಮಾಕಿ ಎಂಬ ಇಪ್ಪತ್ತೈದರ ಹೆಣ್ಣುಮಗಳು, ಮತ್ತು ಅವರ ಕೆಲವು ಗೆಳತಿಯರು. ಮಾಕಿ ಕೂಡ ಗಡೀಪಾರಾಗಿ ಬಂದವರೇ. ಮನೆಯವರಿಗೆ ಸೋಂಕು ತಗಲದಿರಲೆಂದು ಅವರು ರಾತ್ರಿ ಮನೆಗೆ ಹೋಗುತ್ತಿರಲಿಲ್ಲ. ಅವರು ಒಟ್ಟಿಗೆ ಉಳಿಯಲು ತಮ್ಮ ಕೊಟ್ಟಿಗೆಯಂಥ ಉಗ್ರಾಣವನ್ನು ಬಿಟ್ಟುಕೊಟ್ಟವರು ಅದೇ ತಕಾಗಿ ಸೆನೆಮೊನ್. ಪಿಡುಗು ಇಳಿದ ಮೇಲೂ ಅವರು ಅಲ್ಲಿಂದ ಚದುರಲಿಲ್ಲ. ಹಗಲು ಹೊಲದಲ್ಲಿ ದುಡಿದರು, ಇದ್ದುದನ್ನು ಹಂಚಿಕೊಂಡು ಉಂಡರು, ತಾಯಿತಂದೆ ಇಲ್ಲದ ಮಕ್ಕಳನ್ನು ಒಂದೊಂದಾಗಿ ತಂದು ಅದೇ ಉಗ್ರಾಣದಲ್ಲಿ ತಮ್ಮ ಪಕ್ಕದಲ್ಲಿ ಮಲಗಿಸಿಕೊಂಡರು.