ಹೋಳಿಗೆ ಎಂಬ ಹೆಸರು

ಹೋಳಿ ಹುಣ್ಣಿಮೆ ಬಂದಿತೆಂದರೆ ಹಲಕರ್ಣಿಯ ಕನ್ನಡ ಮನೆಗಳಲ್ಲಿ ನಾವು ಬೇಯಿಸುವುದು ಹೋಳಿಗೆ. ನೆರೆಯ ಮರಾಠಿ ಮನೆಯಲ್ಲಿ ಬೇಯುವುದು ಪುರಣಪೋಳಿ. ಕೊಲ್ಹಾಪುರ ಸಂಸ್ಥಾನವು 1949ರಲ್ಲಿ ಮುಂಬಯಿ ಪ್ರಾಂತದಲ್ಲಿ ವಿಲೀನವಾಯಿತು. 1960ರಲ್ಲಿ ನಮ್ಮ ಗಡಹಿಂಗ್ಲಜ ತಾಲೂಕು ಮಹಾರಾಷ್ಟ್ರಕ್ಕೆ ಸೇರಿತು. ಹೀಗಿರಲು ಈ ಭಕ್ಷ್ಯ ಯಾರದೆಂದು ಮಕ್ಕಳು ಕೇಳಿದರೆ ಆಶ್ಚರ್ಯವಿಲ್ಲ.

ಉತ್ತರವನ್ನು ವ್ಯಾಕರಣದಿಂದ ಆರಂಭಿಸೋಣ. ಹಳಗನ್ನಡದ ಪಕಾರವು ಮುಂದೆ ಹಕಾರವಾದುದನ್ನು ವಿದ್ಯಾರ್ಥಿಗಳು ಬಲ್ಲರು: ಪಾಲು ಹಾಲಾಯಿತು, ಪೂ ಹೂವಾಯಿತು. ಸಂಸ್ಕೃತದ ಪೂರಣವೂ ನಮ್ಮಲ್ಲಿ ಹೂರಣವಾಯಿತು. ಹೋಳಿಗೆ, ಪೋಳಿಗಳ ನಡುವಣ ಅಂತರವೂ ಇಷ್ಟೇ.

ಇನ್ನು ಚರಿತ್ರೆ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು ಸುಮಾರು 1129ರಲ್ಲಿ ಸಂಸ್ಕೃತದಲ್ಲಿ ರಚಿಸಿದ 'ಮಾನಸೋಲ್ಲಾಸ'ದಲ್ಲಿ ಗೋದಿಹಿಟ್ಟಿಗೆ ತುಪ್ಪ, ಉಪ್ಪು ಬೆರೆಸಿ ನಾದಿ, ಕೈಯಿಂದಲೇ ಹಿಗ್ಗಿಸಿ, ಕಾದ ಮಣ್ಣಿನ ಪಾತ್ರೆಯ ಮೇಲೆ ಬೇಯಿಸುವ ಮಂಡಕದ ವರ್ಣನೆಯುಂಟು. ಪೋಲಿಕೆಯ ಹೆಸರೂ ಉಂಟು. ಬೆಳಗಾವಿಯ ಮಂಡಿಗೆ ಇಂದಿಗೂ ಆ ಹೆಸರನ್ನು ಹೊತ್ತಿದೆ. ಆಗ ಕೊಲ್ಹಾಪುರವನ್ನಾಳುತ್ತಿದ್ದ ಶಿಲಾಹಾರರು ಆ ಚಾಲುಕ್ಯರ ಸಾಮಂತರು. ಇಂದಿನ ಗೆರೆಯನ್ನು ಅಂದು ಯಾರೂ ಎಳೆದಿರಲಿಲ್ಲ.

ಕಡಲೆಬೇಳೆ, ಬೆಲ್ಲ, ಏಲಕ್ಕಿ, ಜಾಜಿಕಾಯಿಗಳು ಎರಡು ಮನೆಗೂ ಸಮಾನ. ಕಣಕವನ್ನು ಮೃದುವಾಗಿ ನಾದದಿದ್ದರೆ ಹೂರಣ ಹೊರಬರುವುದೂ ಸಮಾನ! ಬೇಳೆ ಬಸಿದ ನೀರಿನಿಂದ ನಾವು ಕಟ್ಟಿನ ಸಾರು ಮಾಡುತ್ತೇವೆ. ಅವರು ಅದನ್ನೇ ಕಟಾಚಿ ಆಮಟಿ ಎನ್ನುತ್ತಾರೆ.